ಒಬ್ಬರಿಗೆ ಮಾತ್ರ, ಒಂಬತ್ತರಿಂದ ಐದು

ಹಿಗಾಶಿ-ಹಾಗಿ ನಿಲ್ದಾಣದ ಹೊರಗೆ, ಮೇ ತಿಂಗಳ ಬಿಸಿಲಲ್ಲಿ
ಹೆಸರಿನ ಹಲಗೆ ಹಿಡಿದು ನಿಂತಿದ್ದೆ.
ಇಳಿದದ್ದು ಒಬ್ಬನೇ. ಆದರೂ ಹಿಡಿದಿದ್ದೆ.
ಅದೆಮಾರ್ ಹಿಸನಾಗ, ಬ್ರೆಜಿಲ್, ಎಪ್ಪತ್ತೊಂದು.
ಮೊಟ್ಟೆ ವ್ಯಾಪಾರ, ಹನ್ನೆರಡು ಸಾವಿರ ಕೋಳಿ,
ನಾನು ಕೇಳುವ ಮೊದಲೇ ಆತನೇ ಹೇಳಿದ,
ತಲೆ ಬಾಗಿಸುತ್ತ, ಬಾಗಿದ್ದು ಸಾಕೋ ಸಾಲದೋ ಎಂದು
ಇನ್ನೊಮ್ಮೆ ಬಾಗಿಸುತ್ತ.

ಹತ್ತೊಂಬತ್ತು ವರ್ಷದಿಂದ ಈ ಊರನ್ನು
ಬಾಯಿಪಾಠ ಒಪ್ಪಿಸುತ್ತಿದ್ದೇನೆ.
ಇಲ್ಲಿ ಕೋಟೆಯಿತ್ತು, ಕೆಡವಿದರು, ಕಲ್ಲಿನ ಬುಡ ಉಳಿಯಿತು.
ಕೆಲಸ ಹೋದ ಸಮುರಾಯಿಗಳು ಹೊಟ್ಟೆಪಾಡಿಗೆ
ಅಂಗಳದಲ್ಲಿ ಕಿತ್ತಳೆ ನೆಟ್ಟರು;
ಕತ್ತಿ ಹಿಡಿದ ಕೈಗೆ ಗುದ್ದಲಿ, ಇತ್ಯಾದಿ.
ಈ ಇತ್ಯಾದಿಗೆ ಜನ ನಗುತ್ತಾರೆ.
ರೇಡಿಯೊ ವಾರ್ತೆಯಂಥ ಶುದ್ಧ ಜಪಾನಿ ನನ್ನದು,
ಇಸ್ತ್ರಿ ಹಾಕಿದ್ದು, ಒಂದು ಸುಕ್ಕಿಲ್ಲ.

ಆತ ಎರಡನೆಯ ವಾಕ್ಯ ಆಡಿದ, ನನಗೆ ಕಾಲು ತೊಡರಿತು.
ಅದು ನನ್ನಜ್ಜಿಯ ಮಾತು.
ಮೇಲೆ ಪೋರ್ಚುಗೀಸಿನ ಸಕ್ಕರೆ ಉದುರಿಸಿದ್ದರೂ
ಒಳಗೆ ಅದೇ.
ಬಾವಿಕಟ್ಟೆಯಲ್ಲಿ ಮೂಲಂಗಿ ತೊಳೆಯುತ್ತ ಅವಳು ಬೈಯುತ್ತಿದ್ದದ್ದು,
ತರಗತಿಯಲ್ಲಿ ಬಾಯಿ ತಪ್ಪಿ ಆಡಿ
ಬೆಂಚಿನ ಮೇಲೆ ನಿಂತು ನಾನು ತಿದ್ದಿಕೊಂಡದ್ದು,
ಈಗ ಮಿಠಾಯಿ ಡಬ್ಬಿಗಳ ಮುಚ್ಚಳದ ಮೇಲೆ
ಪ್ರವಾಸಿಗರಿಗಾಗಿ ಅಚ್ಚಾಗುವುದು.
ಹಡಗು ಹತ್ತಿ ಹೋದದ್ದು ಅಲ್ಲಿ, ಕೋಳಿಗೂಡುಗಳ ನಡುವೆ
ತೊಂಬತ್ತು ವರ್ಷ
ಯಾರೂ ತಿದ್ದದೆ ಬದುಕಿತ್ತು.

ಕುಂಬಾರರ ಅಂಗಡಿಯಲ್ಲಿ ಚಹಾ ಬಟ್ಟಲಿನ ಬೆಲೆ ಕೇಳಿ
ಯೆನ್ನನ್ನು ಮೊಟ್ಟೆಯ ಲೆಕ್ಕಕ್ಕೆ ತಂದು ತಲೆ ಕೊಡವಿದ.
ಕೋಟೆಯ ಬುಡದಲ್ಲಿ ಒಂದೂ ಫೋಟೊ ತೆಗೆಯಲಿಲ್ಲ.
"ಬೀಗದಕೈ ಹಾಗೆ ಬಾಗುವ ಓಣಿ ಎಲ್ಲಿ?" ಎಂದ.

ತೋರಿಸಿದೆ. ಎರಡೂ ಕಡೆ ಎತ್ತರದ ಮಣ್ಣಿನ ಗೋಡೆ,
ಮೂಲೆ ತಿರುಗಿದರೆ ಇನ್ನೊಂದು ಮೂಲೆ.
ಮುಂದೆ ಯಾರಿದ್ದಾರೆ ಕಾಣದು, ಹಿಂದೆ ಯಾರು ಬಂದರು ತಿಳಿಯದು.
"ಶತ್ರುಗಳ ದಾರಿ ತಪ್ಪಿಸಲು ಹೀಗೆ ಕಟ್ಟಿದರು,"
ನಾನು ಪಾಠ ಶುರುಮಾಡಿದೆ.
"ಅಲ್ಲವಂತೆ," ಎಂದ. "ಕಿತ್ತಳೆ ಕದಿಯಲು.
ಅಜ್ಜಿ ಹೇಳುತ್ತಿದ್ದಳು: ಒಬ್ಬಳು ತಿರುವಿನಲ್ಲಿ ನಿಲ್ಲಬೇಕು,
ಒಬ್ಬಳು ಹಾರಬೇಕು."

ಹೂವೂ ಹಣ್ಣೂ ಒಂದೇ ಕೊಂಬೆಯಲ್ಲಿರುವ ತಿಂಗಳು ಅದು.
ಓಣಿಯ ತುಂಬ ಪರಿಮಳ, ತಲೆನೋವು ಬರುವಷ್ಟು.
ಗೋಡೆಯ ಮೇಲಿಂದ ಒಂದು ಹಣ್ಣು
ಇತ್ತ ಕತ್ತು ಚಾಚಿತ್ತು.
ಆತ ಹಣ್ಣನ್ನು ನೋಡಿದ. ನನ್ನನ್ನು ನೋಡಿದ.
ನನ್ನೆದೆಯ ಮೇಲೆ ನಗರಸಭೆಯ ಬಿಲ್ಲೆ ಇತ್ತು,
ಫೋಟೊ ಸಮೇತ, ಕುರಶಿಗೆ ತಮಾಯೆ, ಅಧಿಕೃತ.

ಹೋಗಿ ತಿರುವಿನಲ್ಲಿ ನಿಂತೆ.

ಹಾರಲಿಲ್ಲ ಪಾಪ, ಮೊಣಕಾಲು ಕೇಳಬೇಕಲ್ಲ;
ನನ್ನ ಛತ್ರಿಯ ಹಿಡಿಯಿಂದ ಕೊಂಬೆ ಬಗ್ಗಿಸಿಕೊಂಡ.
ಟಪ್ಪೆಂದದ್ದು ಇಡೀ ಬೀದಿಗೆ ಕೇಳಿಸಿತೆಂದುಕೊಂಡೆ.
ನದಿಯ ದಂಡೆಯಲ್ಲಿ ಕೂತು, ದಪ್ಪ ಸಿಪ್ಪೆಗೆ ಉಗುರು ಊರಿ
ತೊಳೆ ಬಿಡಿಸಿದೆವು.
"ಬುಚಿ ಸುಯೀ!" ಎಂದು ಆತ ಕಣ್ಣು ಮುಚ್ಚಿದ.
ಬಲು ಹುಳಿ ಎಂದಷ್ಟೇ ಅದರ ಅರ್ಥ.
ನನ್ನ ಹಲ್ಲು ಚುಳ್ಳೆಂದಿತು; ಕಣ್ಣಿನ ನೀರು
ಹುಳಿಯದೋ ಅಲ್ಲವೋ, ಒರೆಸಿಕೊಂಡೆ.

ಐದಕ್ಕೆ ಲಕೋಟೆ ಕೊಟ್ಟ, ಎರಡೂ ಕೈಯಲ್ಲಿ,
ಒಳಗೆ ಮಡಿಕೆಯಿಲ್ಲದ ಹೊಸ ನೋಟು.
ಹುಷಾರಾಗಿ ಹೋಗಿಬನ್ನಿ ಎನ್ನಬೇಕಿತ್ತು ನಾನು;
ಅಜ್ಜಿಯ ಹಾಗೆ ಹೇಳಹೋದೆ, ಐವತ್ತು ವರ್ಷದ ಮೇಲೆ.
ಕ್ರಿಯಾಪದದ ಬಾಲ ಎಲ್ಲೋ ಜಾರಿತು.
ಆತ ಮೆತ್ತಗೆ, ನನಗೆ ನೋವಾಗದಂತೆ,
ತಿದ್ದಿದ.

ಒಂದೇ ಬೋಗಿಯ ರೈಲು ಹೊರಟುಹೋಯಿತು.
ನಾಳೆ ಒಂಬತ್ತಕ್ಕೆ ಡೆನ್ಮಾರ್ಕಿನ ದಂಪತಿ.
ಮನೆಯ ಮೆಟ್ಟಿಲ ಮೇಲೆ ಕೂತು ಹಲಗೆ ಒರೆಸುತ್ತಿದ್ದೇನೆ,
ಉಗುರಿನ ಸಂದಿಯಲ್ಲಿ ಇನ್ನೂ ಸಿಪ್ಪೆಯ ಕಹಿ,
ಬಾಯಲ್ಲಿ ಆ ಬಾಲ,
ಹೇಳುತ್ತೇನೆ, ಮತ್ತೆ ಹೇಳುತ್ತೇನೆ,
ಪಕ್ಕದ ಮನೆಯ ನಾಯಿ ಕಿವಿ ನಿಮಿರಿಸಿದೆ.