ಕೆಲಸ ತೃಪ್ತಿಕರ

ಅರ್ಜಿಯ ಮೊದಲ ಸಾಲಲ್ಲೇ 'ಶ್ರೀ' ಅಂತ ಅಚ್ಚಾಗಿತ್ತು.
ಗುಮಾಸ್ತರು ಪೆನ್ನಲ್ಲಿ 'ಮತಿ' ಸೇರಿಸಿದರು.
ಜಾಗ ಸಾಲದೆ ಅದು ಗೆರೆ ದಾಟಿ,
ಬೇಲಿ ಹಾರಿದ ಕುಂಬಳದ ಕುಡಿಯ ಹಾಗೆ
ಹಾಳೆಯಂಚಿಗೆ ಹೋಗಿ ನಿಂತಿತು.
'ಯಜಮಾನರ ಹೆಸರಲ್ಲೇ ಮಾಡಿಸಬಹುದಿತ್ತಲ್ಲಮ್ಮ?'
'ಅವರು ಲಾರಿ ಓಡಿಸ್ತಾರೆ ಸಾರ್,
ತುಳಸಿ ಯಾವುದು ಕಾಮಕಸ್ತೂರಿ ಯಾವುದು ಗೊತ್ತಾಗಲ್ಲ.'

ಶ್ರೀಮತಿ ಕ್ಯಾತಮ್ಮ, ಚೇಳಗುಡ್ಡ, ಚಿತ್ರದುರ್ಗ.
ಕೋರುವ ದರ್ಜೆ: ನಾಲ್ಕು.
ಕಾಮಗಾರಿ: ಉದ್ಯಾನ, ಹುಲ್ಲುಹಾಸು, ಇತ್ಯಾದಿ.
ಆ ಇತ್ಯಾದಿಯೊಳಗೆ
ಹದಿನೆಂಟು ವರ್ಷ ಮಡಚಿ ಇಟ್ಟೆ.

ಛಾಪಾ ಕಾಗದದ ಮೇಲೆ ಪ್ರಮಾಣ ಮಾಡಬೇಕಂತೆ,
ನಾನು ಕಪ್ಪುಪಟ್ಟಿಯಲ್ಲಿ ಇಲ್ಲ ಅಂತ.
ಮಾಡಿದೆ. ಯಾವ ಪಟ್ಟಿಯಲ್ಲೂ ಇದ್ದವಳಲ್ಲ ನಾನು.
ಹಾಜರಿ ಪುಸ್ತಕದಲ್ಲಿ ಕೂಡ
'ಹೆಣ್ಣಾಳು: ಮೂರು' ಅಂತಷ್ಟೇ ಇರುತ್ತಿತ್ತು.

ಆಸ್ತಿ ನೋಡಲು ತಾಲ್ಲೂಕು ಕಚೇರಿಯಿಂದ ಒಬ್ಬ ಬಂದ.
ನಮ್ಮನೆಗೆ ಕಟ್ಟಿದ ಗೋಡೆ ಮೂರೇ,
ನಾಲ್ಕನೆಯದು ಬಂಡೆ.
ಮೂರಕ್ಕೆ ಬೆಲೆ ಬರೆದುಕೊಂಡ.
ಬಂಡೆ ಸರ್ಕಾರದ್ದಂತೆ.

'ಗುಂಡಿಯ ಅಳತೆ ಎಷ್ಟು?' ಅಂದರು ಇಂಜಿನಿಯರು.
ನೋಡಿ, ಈ ಊರಲ್ಲಿ ಹಾರೆ
ಗೇಣು ಇಳಿಯುವಷ್ಟರಲ್ಲಿ ಠಣ್ ಅನ್ನುತ್ತೆ.
ಒಂದು ಠಣ್ ಟೊಳ್ಳಾಗಿರುತ್ತೆ:
ಕೆಳಗೆ ಮಣ್ಣಿದೆ, ಇನ್ನೆರಡು ಏಟು ಹಾಕು.
ಇನ್ನೊಂದು ಮೊಣಕೈವರೆಗೂ ಏರುತ್ತೆ:
ಅದು ಬೆಟ್ಟವೇ, ಕೈ ಬಿಡು.
ಹೊಂಗೆ ಹೇಗೋ ಬಳಸಿಕೊಂಡು ಬೇರು ಬಿಡುತ್ತೆ,
ಗುಲ್‌ಮೊಹರು ಹಟಮಾರಿ,
ಆಷಾಢದ ಗಾಳಿಗೆ ಬುಡಸಮೇತ ಮಗುಚುತ್ತೆ.
ಇದ್ಯಾವುದನ್ನೂ ಹೇಳಲಿಲ್ಲ.
'ಎರಡಡಿ ಉದ್ದ, ಎರಡಡಿ ಅಗಲ, ಎರಡಡಿ ಆಳ ಸಾರ್.'
ಸರಿ ಅಂತ ಗುರುತು ಹಾಕಿದರು.

ಉಳಿದದ್ದು ಅನುಭವ ಪತ್ರ.
ಕೊಡಬೇಕಾದವರು ದಾದಾಪೀರ್ ಸಾಹೇಬರು,
ತುರುವನೂರು ರಸ್ತೆಯ ನರ್ಸರಿಯವರು.
ಕಸಿ ಕಟ್ಟಲು ಕಲಿಸಿದವರು, ಕೂಲಿ ಮುರಿದವರು,
ಹೆರಿಗೆಗೆ ಆಟೋ ಕಳಿಸಿದವರು.
ನಾಳೆ ಎದುರು ಟೆಂಡರು ಹಾಕುವವಳಿಗೆ
ಯಾರಾದರೂ ಸಹಿ ಕೊಡ್ತಾರೆಯೆ?
ಮೊದಲ ದಿನ ಟ್ಯಾಂಕರು ಬಂದಿತ್ತು, ಪುರುಸೊತ್ತಿಲ್ಲ.
ಮಾರನೇ ದಿನ ಕನ್ನಡಕ ಸಿಗಲಿಲ್ಲ.
ಮೂರನೇ ದಿನ ಸುಮ್ಮನೆ ಕೂರಲಾರದೆ
ಕ್ರೋಟನ್ ಬುಡದ ಕಳೆ ಕೀಳತೊಡಗಿದೆ, ಅಭ್ಯಾಸ ನೋಡಿ.
ಹಿಂದೆ ಬಂದು ನಿಂತರು.
'ಏಳಮ್ಮ. ಗುತ್ತಿಗೆದಾರರು ಕಳೆ ಕೀಳಲ್ಲ.'
ನಕ್ಕರೋ ಇಲ್ಲವೋ,
ಬಿಸಿಲು ಅವರ ಬೆನ್ನಿಗಿತ್ತು, ಮುಖ ಕಾಣಲಿಲ್ಲ.

ಟೈಪಾದ ಹಾಳೆ, ನೀಲಿ ಸೀಲು.
ಕೊನೆಗೊಂದು ಸಾಲು ಮಾತ್ರ ಅವರದೇ ಕೈಬರಹ:
'ಕೆಲಸ ತೃಪ್ತಿಕರ.'
ಹದಿನೆಂಟು ವರ್ಷ ಬಾಯಿಗೆ ಬರದ ಮಾತು
ಶಾಯಿಯಲ್ಲಿ ಬಂತು,
ಅದೂ ಎರಡು ಪ್ರತಿ.
ಬಸ್ಸಿನಲ್ಲಿ ಕೂತು ಇನ್ನೊಮ್ಮೆ ಓದಿದೆ.
ಗಾಂಧಿ ಸರ್ಕಲ್ ದಾಟಿದ್ದು ಗೊತ್ತಾಗಲಿಲ್ಲ.

ಲೈಸೆನ್ಸು ಬಂತು. ಫೋಟೋದಲ್ಲಿ
ಯಾರನ್ನೋ ಬೈಯಲು ಹೊರಟ ಹಾಗಿದ್ದೇನೆ.

ಮೊದಲ ಕೆಲಸ ಚಳ್ಳಕೆರೆ ಗೇಟಿನ ರಸ್ತೆ ನಡುವಿನ ಪಟ್ಟಿ.
ಸಾಹೇಬರಿಗಿಂತ ನನ್ನ ದರ ನಾನೂರು ರೂಪಾಯಿ ಕಡಿಮೆ.
ಒಪ್ಪಂದದ ಹನ್ನೊಂದನೇ ಷರತ್ತು ಮಗಳು ಓದಿ ಹೇಳಿದಳು:
ವರ್ಷದೊಳಗೆ ಸತ್ತ ಗಿಡ ಗುತ್ತಿಗೆದಾರರದ್ದು,
ಬದುಕಿದ್ದು ಇಲಾಖೆಯದ್ದು.

ಗಿಡಕ್ಕೆ ಮತ್ತೆಲ್ಲಿಗೆ ಹೋಗಲಿ, ಅಲ್ಲಿಗೇ ಹೋದೆ.
ಇನ್ನೂರಕ್ಕೆ ದುಡ್ಡು ಎಣಿಸಿ ಕೊಟ್ಟೆ,
ಎಣಿಸಿಯೇ ತಗೊಂಡರು.
ಗಾಡಿಗೆ ಇನ್ನೂರ ಆರು ಏರಿಸಿದರು.
'ಆರು ಸಾಯ್ತಾವೆ,' ಅಂದರು.
ಎಲ್ಲಿ ಅಂತ ಅವರು ಹೇಳಲಿಲ್ಲ, ನಾನು ಕೇಳಲಿಲ್ಲ.
ಗೇಟಿನ ತಿರುವಲ್ಲಿ,
ಠಣ್ ಅಂದದ್ದು ಮೊಣಕೈಗೆ ಬರುವ ಕಡೆ.