ಬಿಲ್ಲೆ

ಮುರಿದ ಫೂಟುಪಟ್ಟಿಯ ತುಂಡು, ನಾಲ್ಕು ಇಂಚು,
ತುದಿಗೊಂದು ತೂತು, ತೂತಿಗೆ ಹುರಿದಾರ.
ಕೌಲ್ ಬಜಾರಿನಿಂದ ಬರುತ್ತಿದ್ದ ನಾವು
ಕಂಟೋನ್ಮೆಂಟಿನ ಕಾನ್ವೆಂಟಿನ ಗೇಟು ದಾಟಿದ ಮೇಲೆ
ಕನ್ನಡವೋ ತೆಲುಗೋ ಉರ್ದುವೋ
ಬಾಯಿ ಜಾರಿದರೆ ಅದು ಕೊರಳಿಗೆ.
ಒಂದು ಮಾತಿಗೆ ಒಂದು ಗೀರು.
ಸಂಜೆ ಗಂಟೆಗೆ ಯಾರ ಕೊರಳಲ್ಲಿದೆಯೋ
ಅವಳ ಅಂಗೈ ಮೇಲೆ ಲೆಕ್ಕ ಚುಕ್ತಾ.

ದಾಟಿಸುವ ಉಪಾಯ ನಮಗೆ ಗೊತ್ತಿತ್ತು.
ಇಂಗ್ಲಿಷಿನಲ್ಲಿ ನಗುನಗುತ್ತ ಹತ್ತಿರ ಹೋಗಿ
ತೊಡೆಗೆ ಜೋರಾಗಿ ಚಿವುಟುವುದು.
"ಯವ್ವಾ!"
ಮುಗಿಯಿತು. ಬಿಲ್ಲೆ ಅವಳದು.
ಎಷ್ಟು ಕಲಿತರೂ ನೋವಿಗೆ
ಇಂಗ್ಲಿಷ್ ಬರುತ್ತಿರಲಿಲ್ಲ.

ಸಿಸ್ಟರ್ ಕೊಲಂಬಾ ಐರ್ಲೆಂಡಿನವರು.
ನಮಗದು ಇಂಗ್ಲೆಂಡಿನದೇ ಒಂದು ಓಣಿ.
"ಬೇರೆ" ಅನ್ನುತ್ತಿದ್ದರು ಒಮ್ಮೊಮ್ಮೆ, ನಕಾಶೆಯ ಮೇಲೆ
ನೀಲಿಯ ಸಣ್ಣ ಸಂದಿಯಲ್ಲಿ ಕೋಲಿಟ್ಟು,
"ನೋಡಿ, ನಡುವೆ ಸಮುದ್ರ ಇದೆ."
ಬಳ್ಳಾರಿಯಲ್ಲಿ ಸಮುದ್ರ ಕಂಡವರು ಯಾರು?
ನಾವು ಕಂಡದ್ದು ಕೋಟೆಗುಡ್ಡ, ಒಂದೇ ಬಂಡೆ,
ಮಾರ್ಚಿಗೇ ಕಾದು ರಾತ್ರಿಯಿಡೀ ಬಿಸಿ ಉಸಿರು ಬಿಡುವುದು.

ಅಂಥದೇ ಮಾರ್ಚಿನ ಒಂದು ಮಧ್ಯಾಹ್ನ
ಸೀಮೆಸುಣ್ಣದ ಡಬ್ಬಿಗೆ ಕೈ ಹಾಕಿದರು.
ಚೇಳಿತ್ತು.
ಅವರ ಬಾಯಿಂದ ಬಂದದ್ದು
"ಅ ವಾಹಿರ್!"
ಹಿಂದಿನ ಬೆಂಚಿಗೆ ಕೇಳಿದ್ದು "ಅವ್ವಾ" ಅಂತ.

ಕಾವಲಿನ ಸುಂಕಪ್ಪ ಉಳ್ಳಾಗಡ್ಡಿ ಜಜ್ಜಿ ತಂದ.
ಅಂದು ಬಿಲ್ಲೆ ಇದ್ದದ್ದು ಮಹಬೂಬಿಯ ಕೊರಳಲ್ಲಿ;
ಮದುವೆ ಬ್ಯಾಂಡಿನವರ ಮನೆಯ ಹುಡುಗಿ, ಎಂಟು ವರ್ಷ,
ನ್ಯಾಯವೆಂದರೆ ನ್ಯಾಯ ಅವಳಿಗೆ.
ಎದ್ದಳು. ದಾರ ತೆಗೆದಳು.
ಊದಿದ ಆ ಕೈಯ ಮುಂದೆ ಹಿಡಿದಳು.
"ಸಿಸ್ಟರ್, ಯು ಸ್ಪೋಕ್."

ಏಟು ಬಿತ್ತೆಂದು ನಾವು ಕಣ್ಣು ಮುಚ್ಚಿದೆವು.
ತೆರೆದಾಗ ಬಿಲ್ಲೆ
ಅವರ ಶಿಲುಬೆಯ ಪಕ್ಕದಲ್ಲಿ ತೂಗುತ್ತಿತ್ತು.

ಆಮೇಲೆ ಪಾಠ ನಡೆಯಲಿಲ್ಲ.
ಅವರಜ್ಜಿಯ ಕೊರಳಲ್ಲೂ ಇಂಥದೇ ಕೋಲಿತ್ತಂತೆ,
ಮನೆಮಾತಿಗೊಂದು ಕಚ್ಚು.
ಹೊಡೆದವರು ಪರದೇಶದವರಲ್ಲ, ಊರ ಮೇಷ್ಟ್ರೇ;
ಮನೆಯಲ್ಲಿ ಕಚ್ಚು ಹಾಕಿ ಕಳಿಸಿದವನು ಅಪ್ಪನೇ,
ಆಲೂಗಡ್ಡೆ ಕೊಳೆತ ವರ್ಷ ಕಂಡವನು,
ಹಡಗು ಹತ್ತುವ ಮಕ್ಕಳಿಗೆ ಇಂಗ್ಲಿಷೇ ಬುತ್ತಿ ಎಂದವನು.
ಅವನಪ್ಪ ಕಲಿತದ್ದು ಬೇಲಿಯ ಮರೆಯಲ್ಲಿ,
ಶಾಲೆ ನಡೆಸುವುದೇ ಕಳ್ಳತನವಾಗಿದ್ದ ಕಾಲದಲ್ಲಿ;
ಒಬ್ಬ ಹುಡುಗ ದಿಬ್ಬದ ಮೇಲೆ ಕಾವಲು,
ಉಳಿದವರ ಬಾಯಲ್ಲಿ ಲ್ಯಾಟಿನ್,
ಫೀಸಿಗೆ ಬಗಲಲ್ಲಿ ಉರಿಯುವ ಮಣ್ಣಿನ ಹೆಂಟೆ.

"ಮಣ್ಣು ಉರೀತೈತಾ?" ಅಂದವಳು ನಾನು.
ಯಾರೂ ಗೀರು ಹಾಕಲಿಲ್ಲ.
ನನ್ನ ಕಣ್ಣಿಗೆ ಬಂದದ್ದು ಜಾಲಿಬೇಲಿ, ಮುಳ್ಳು, ಆಡು,
ಆ ಆಡು ಮೇಯುತ್ತಿದ್ದ ಲ್ಯಾಟಿನ್ ಪುಸ್ತಕ.

ಅಂದಿಗೇ ಎಲ್ಲ ಬದಲಾಯಿತು ಎಂದರೆ ಸುಳ್ಳು.
ನಿಯಮ ಮದರ್ ಅವರದು; ಸೋಮವಾರ ಬಿಲ್ಲೆ ಮತ್ತೆ ಬಂತು.
ತಗಡಿನ ಟ್ರಂಕು ಬಡಿಯುವ ನನ್ನಪ್ಪನೂ
"ಹೊಡೀಲಿ ಬಿಡು, ಇಂಗ್ಲಿಷ್ ಬರ್ಲಿ" ಅಂದ.
ಬಂತು. ಅದರಿಂದಲೇ ಟೆಲಿಫೋನ್ ಎಕ್ಸ್‌ಚೇಂಜಿನ ಕೆಲಸ;
ಮೂವತ್ತೊಂದು ವರ್ಷ ಜನರ ಮಾತನ್ನು
ಊರಿಂದೂರಿಗೆ ಚುಚ್ಚಿ ಕೂಡಿಸಿದೆ.
ಆ ಋಣ ಸುಳ್ಳಲ್ಲ.
ಏಟೂ ಸುಳ್ಳಲ್ಲ.

ಸಂಜೆಯ ಲೆಕ್ಕದಲ್ಲಿ ಮಾತ್ರ ಸಿಸ್ಟರ್ ತಪ್ಪತೊಡಗಿದರು.
ಒಂಬತ್ತಕ್ಕೆ ಮೂರು, ಆರಕ್ಕೆ ಒಂದು.
ಗಣಿತದ ಟೀಚರು ಅವರು.

ಈಗ ದಂಡಿನ ಗೋರಿಗಳ ಸಾಲಿನ ಕೊನೆಗೆ ಮಲಗಿದ್ದಾರೆ,
ಹಸಿವಿಗೆ ಕೆಂಪು ಕೋಟು ತೊಟ್ಟು ಬಂದು
ಬಳ್ಳಾರಿಯ ಕಾಲರಾಕ್ಕೆ ಸತ್ತ ತಮ್ಮ ಕಡೆಯ ಹುಡುಗರ ಪಕ್ಕ.
ಕಲ್ಲಿನ ಮೇಲೆ ಇಂಗ್ಲಿಷ್.

ಬಿಲ್ಲೆ ಮಹಬೂಬಿಯ ಹತ್ತಿರ ಇದೆ; ಕದ್ದದ್ದು ಯಾವಾಗ, ಹೇಳಳು.
ಮೊನ್ನೆ ಬೆರಳಾಡಿಸಿ ನೋಡಿದೆ.
ಗೀರುಗಳ ನಡುವೆ ಒಂದು ಓರೆ, ಆಳ,
ಅವತ್ತು ಕಂಪಾಸಿನ ಮೊನೆಯಿಂದ ಅವಳೇ ಕೊರೆದದ್ದು.
"ಇದು ಸಿಸ್ಟರ್ದು" ಅಂದಳು,
ಚಹಾ ಇಡಲೆಂದು ಏಳುತ್ತ
ಮೊಣಕಾಲು ಹಿಡಿದುಕೊಂಡು "ಹಾಯ್ ಅಮ್ಮಾ" ಅಂದಳು.

ಹಳೇ ಚಾಳಿ. ನನ್ನ ಕೈ ದಾರ ಹುಡುಕಿತು.
ದಾರ ಯಾವಾಗಲೋ ಹರಿದುಹೋಗಿತ್ತು.