ಫಾಲ್ತಾ ಊನೊ

ವೆಲೆನ್ಸಿಯಾದ ಇಗರ್ಜಿ ಹಾಲಿನಲ್ಲಿ ಬೆಡ್‌ಶೀಟು ಕಟ್ಟಿ
ಸ್ಪೇನಿನ ಪಾದ್ರಿಯೊಬ್ಬರು ತೋರಿಸಿದ್ದು, ಒಂದೇ ಸಲ.
(ತನ್ನೂರಿನ ಹೆಸರೇ ಇಲ್ಲಿಯೂ ಇದೆಯೆಂದು
ಅವರಿಗೆ ಮರುಳು ಸಂತೋಷ.)
ದೊಡ್ಡ ಸಂಸಾರದ ಕತೆ. ಮಕ್ಕಳೋ ಮಕ್ಕಳು.
ಒಂದು ಮಾತೂ ತಿಳಿಯದು.
ಆದರೂ ಹೆಂಚಿನ ಕಾರ್ಖಾನೆಯ ಅಷ್ಟೂ ಜನ
ಹೊಟ್ಟೆ ಹಿಡಿದುಕೊಂಡು ನಕ್ಕರಂತೆ.
ಅಂತೆ ಏನು, ನಾನೂ ಇದ್ದೆ, ಮಾಮ್ಮಿಯ ಮಡಿಲಲ್ಲಿ,
ಬಾಯಲ್ಲಿ ಪೆಪ್ಪರ್‌ಮಿಂಟು.

ನಡುವಿನ ರೀಲು ಹಡಗಿನಲ್ಲೇ ಎಲ್ಲೋ ತಪ್ಪಿತ್ತು.
ಹಾಗಾಗಿ ಆ ಮಗು ಟ್ರಾಮಿನಿಂದ ಹೇಗೆ ಇಳಿಯಿತು,
ಯಾರ ಕೈ ಬಿಟ್ಟಿತು,
ನಮಗೆ ಇವತ್ತಿಗೂ ಗೊತ್ತಿಲ್ಲ.
ಅಪ್ಪ ಎಣಿಸುವುದು ಕಂಡೆವು: ಬೆರಳು, ಬೆರಳು, ಬೆರಳು,
ಆಮೇಲೆ ಟೋಪಿ ತೆಗೆದು ಕೂಗು:
ಫಾಲ್ತಾ ಊನೊ!
ಒಬ್ಬ ಕಡಿಮೆ, ಎಂದು ಪಾದ್ರಿ ಕತ್ತಲಲ್ಲೇ ಅರ್ಥ ಹೇಳಿದರು.
ಹಿಂದಿನ ಬೆಂಚಿಗೆ ಅದು ಕೇಳಿಸಲಿಲ್ಲ.
ಯಾವನನ್ನೋ ಫಾಲ್ತು ಅಂದರು
ಎಂದುಕೊಂಡೇ ಅವರು ಮನೆಗೆ ಹೋದರು.

ಅಲ್ಲಿಂದ ನಮ್ಮ ಪಪ್ಪಾ
ಬಸ್ಸಿನ ಮೆಟ್ಟಿಲಲ್ಲಿ ನಿಂತು
ಒಂಬತ್ತು ತಲೆ ಮುಟ್ಟದೆ ರೈಟ್ ಹೇಳಲು ಬಿಡರು.
ಸೆರಫಿನ್, ಲೀನಸ್, ಅವಳಿ ಹುಡುಗಿಯರು, ನಾನು...
ಪೌಲಿ ಬೇಕೆಂದೇ ಸೀಟಿನಡಿ ಅಡಗಬೇಕು,
ಇಡೀ ಬಸ್ಸು ಕೂಗಬೇಕು.
ಕಂಡಕ್ಟರ್ ವಿಠಲ ಸಾಲ್ಯಾನನಿಗೆ ಬಾಯಿಪಾಠವಾಯಿತು,
ಚಿಲ್ಲರೆ ಕಡಿಮೆ ಬಿದ್ದರೂ ಅದನ್ನೇ ಅಂದ.
ಹಾಗೇ ಅದು ಸ್ಟೇಟ್‌ಬ್ಯಾಂಕಿಗೆ, ಬಂದರಿಗೆ,
ಸೋಡಾ ಬಾಟಲಿ ಲೆಕ್ಕ ಹಾಕುವ ಅದ್ದಾಕನ ಅಂಗಡಿಗೆ.
ಸಿನೆಮಾ ನೋಡಿದವರು ಇನ್ನೂರು ಜನ ಇರಬೇಕು.
ಮಾತು ಆಡಿದವರ ಲೆಕ್ಕ ಯಾರು ಇಟ್ಟಿದ್ದಾರೆ?

ಒಮ್ಮೆ ಮೊಂತಿ ಫೆಸ್ತಿನ ಬೆಳಿಗ್ಗೆ,
ಎಲ್ಲರ ಕೈಯಲ್ಲೂ ಹೂವು,
ಒಂಬತ್ತೂ ಸರಿಯಿತ್ತು. ಪಪ್ಪಾ ‘ಪೂರಾ’ ಎಂದರು.
ಬಸ್ಸು ಹೊರಟ ಮೇಲೆ ಕಿಟಕಿಯತ್ತ ತಿರುಗಿ ಮಾಮ್ಮಿ
ಮೆಲ್ಲಗೆ, ಯಾರಿಗೂ ಅಲ್ಲದ ಹಾಗೆ: ಫಾಲ್ತಾ ಊನೊ.
ಲೀನಸನಿಗೂ ಅವಳಿಗಳಿಗೂ ನಡುವೆ ನಾಲ್ಕು ವರ್ಷ
ಯಾಕೆಂದು ನಾನು ಅಲ್ಲಿಯವರೆಗೆ ಕೇಳಿರಲಿಲ್ಲ.
ಆಮೇಲೂ ಕೇಳಲಿಲ್ಲ.

ನಿನ್ನೆ ತಂಗಿಯ ಮೊಮ್ಮಗಳು ಪ್ರಿಯೋನಾ ಹೇಳಿದಳು,
ಪೂರ್ತಿ ಸಿನೆಮಾ ಫೋನಿನಲ್ಲೇ ಇದೆ, ಆ ನಡುವಿನ ರೀಲೂ.
ನೋಡಿದರಾಯಿತು. ಅವಸರವೇನು.
ಮೊದಲು ಮೀನಿಗೆ ಹೋಗಬೇಕಿತ್ತು.

ಜಪ್ಪು ಮಾರ್ಕೆಟ್ಟಿನ ಜಲಜಕ್ಕ
ನೂರಕ್ಕೆ ಐದು ಬಂಗುಡೆ ಎಂದು ನಾಲ್ಕು ಹಾಕಿ
ನನ್ನ ಮುಖ ನೋಡುತ್ತಾಳೆ.
ನಾನು ಬಾಯಿ ತೆರೆಯುವುದರೊಳಗೆ
‘ಫಾಲ್ತಾ ಊನೊ!’ ಎಂದು ತಾನೇ ಕೂಗಿ
ಐದನೆಯದನ್ನು ಬಾಲ ಹಿಡಿದು
ಚೀಲಕ್ಕೆ ಎಸೆಯುತ್ತಾಳೆ.